ಸಾಬಮ್ಮ ಹೇಳಿದ್ದು, ನಾನು ಹೇಳಿದ್ದು

ಸಾಬಮ್ಮನ ಮಾತನ್ನು ನಾನು ತಿರುಚಿದೆ. ಅವಳ ಎದುರಿಗೇ, ಕ್ಯಾಮೆರಾದ ಮುಂದೆ, ಅವಳಿಗೆ ತಿಳಿಯದ ತೆಲುಗಿನಲ್ಲಿ.

ಆಗ ನಾನು ಹೈದರಾಬಾದಿನ ಒಂದು ತೆಲುಗು ಸುದ್ದಿವಾಹಿನಿಯಲ್ಲಿದ್ದೆ. ಯುದ್ಧ, ಪ್ರವಾಹ, ಷೇರು ಪೇಟೆಯ ಕುಸಿತ — ಎಲ್ಲವನ್ನೂ ಒಂದೇ ಏರುದನಿಯಲ್ಲಿ ಕೇಳಿ ಕೇಳಿ ಕಿವಿ ಜಡ್ಡುಗಟ್ಟಿತ್ತು. ಒಂದು ಮಳೆಗಾಲ ಅದೇ ನಗರದ ಮಾದಾಪುರದಲ್ಲಿ, ಕಟ್ಟುತ್ತಿದ್ದ ಅಪಾರ್ಟ್‌ಮೆಂಟಿನ ಕಾಂಪೌಂಡ್ ಗೋಡೆ ಕೂಲಿಕಾರರ ಶೆಡ್ಡುಗಳ ಮೇಲೆ ಕುಸಿಯಿತು. ಸತ್ತವರು ಯಾದಗಿರಿ ಕಡೆಯವರು, ನಾನು ಬೀದರಿನವನು. ಕನ್ನಡ ಬರುತ್ತದೆಂದು ವರದಿಗಾರ್ತಿಯ ಜೊತೆ ನನ್ನನ್ನೂ ಕಳಿಸಿದರು. ಹೊರಡುವಾಗ ಸುದ್ದಿ ಮುಖ್ಯಸ್ಥರು ಭುಜ ತಟ್ಟಿ ಹೇಳಿದ್ದು ಇಷ್ಟೇ — ಆ ಬಿಲ್ಡರ್ ನಮಗೆ ಜಾಹೀರಾತು ಕೊಡುವವನು, ನೆನಪಿರಲಿ.

ಸಾಬಮ್ಮನ ಗಂಡ ಆ ಗೋಡೆಯ ಕೆಳಗೆ ಸತ್ತಿದ್ದ. ಅವಳು ಅಳುತ್ತಿರಲಿಲ್ಲ. ಒದ್ದೆ ಸೆರಗನ್ನು ಸೊಂಟಕ್ಕೆ ಸಿಕ್ಕಿಸಿ, ನೆಟ್ಟಗೆ ನಿಂತು ಹೇಳಿದಳು:

"ಗ್ವಾಡಿ ಬಾಯಿ ಬಿಟ್ಟೈತಿ, ಶೆಡ್ಡು ಬ್ಯಾರೆ ಕಡೆ ಹಾಕಸ್ರಿ ಅಂತ ಮಾಲಕರಿಗೆ ಎಷ್ಟ್ ಸಲ ಹೇಳಿದ್ವಿರಿ. ಕಿವ್ಯಾಗ ಹಾಕ್ಕೊಳ್ಳಲಿಲ್ಲ."

ವರದಿಗಾರ್ತಿ ಮೈಕನ್ನು ನನ್ನತ್ತ ಹಿಡಿದಳು. ನೇರಪ್ರಸಾರ. ಆ ಕ್ಷಣ ನಾನು ಗೊಂದಲಗೊಂಡೆ ಎಂದರೆ — ಇಲ್ಲ, ಸುಳ್ಳಾಗುತ್ತದೆ. ನನ್ನ ನಾಲಿಗೆ ತಡವರಿಸಲೂ ಇಲ್ಲ. ಮಳೆ ಒಮ್ಮೆಲೇ ಸುರಿಯಿತು, ಏನಾಯಿತೆಂದು ಯಾರಿಗೂ ತಿಳಿಯಲಿಲ್ಲ, ಎಲ್ಲ ದೇವರ ಇಚ್ಛೆ ಎನ್ನುತ್ತಿದ್ದಾಳೆ — ಎಂದುಬಿಟ್ಟೆ.

ಸಾಬಮ್ಮ ನನ್ನ ಎರಡೂ ಕೈ ಹಿಡಿದುಕೊಂಡಳು. "ಪುಣ್ಯಾ ಬರ್ಲಿ ಅಣ್ಣಾರ. ಇಲ್ಲಿ ನಮ್ಮ ಮಾತು ಯಾರಿಗೂ ತಿಳಿಯಂಗಿಲ್ಲ."

'ಪ್ರಕೃತಿಯ ಮುನಿಸು' ಎಂದು ಸಂಜೆಯವರೆಗೂ ಪರದೆಯ ಮೇಲೆ ಓಡಿತು. ಮರುದಿನ ಎಲ್ಲೋ ಯುದ್ಧ ಶುರುವಾಯಿತು. ನಾವೂ ಅತ್ತ ತಿರುಗಿದೆವು.

ವರ್ಷಗಳ ಮೇಲೆ, ಆ ಕೆಲಸ ಬಿಟ್ಟಾದ ಮೇಲೆ, ಅವಳ ಊರು ಕೇಳಿಕೊಂಡು ಕಾಚಿಗೂಡದಲ್ಲಿ ರೈಲು ಹತ್ತಿದೆ. ಸಾಬಮ್ಮ ಗುರುತು ಹಿಡಿದಳು. ಚಹಾ ಕೊಟ್ಟು, "ನನ್ನ ಮಾತು ಟೀವ್ಯಾಗ ಹೇಳಿದ ಅಣ್ಣಾರು ಇವರ ನೋಡು" ಎಂದು ಮಗಳಿಗೆ ತೋರಿಸಿದಳು. ಆಗ ನಾನು ಎಲ್ಲವನ್ನೂ ಹೇಳಿದೆ.

ಅವಳು ನನ್ನ ಚಹಾದ ಲೋಟ ಎತ್ತಿಕೊಂಡಳು. ಆಮೇಲೆ, ತನಗೇ ಹೇಳಿಕೊಳ್ಳುವಂತೆ — "ಟೀವ್ಯಾಗ ಹೇಳೇನಲ್ಲ, ಊರಿಗೆಲ್ಲ ಗೊತ್ತಾಗೈತಿ ಅಂತ ನಾ ಠಾಣೆಕ್ಕ ಹೋಗಲಿಲ್ರಿ."

ಎದ್ದು ಒಲೆಯ ಕಡೆ ಹೋದಳು.

ಕ್ಷಮೆ ಕೇಳಲೆಂದೇ ಹೋಗಿದ್ದೆ. ಕೇಳಲಿಲ್ಲ. ಕೇಳಿದ್ದರೆ ಅವಳು — ಕೊಟ್ಟೇಬಿಡುತ್ತಿದ್ದಳೇನೋ.