ಹರಿನಾಥನ ತಿರುಗುಪೀಠ

ನಾಯ್ಮಾರ್ಮೂಲೆ ಪೇಟೆಯಲ್ಲಿ ಗೇಟು, ಗ್ರಿಲ್ಲು ಮಾಡುವ ಹರಿನಾಥ ಎಂಟನೇ ತರಗತಿಗೆ ಶಾಲೆ ಬಿಟ್ಟವನು. ಶಾರ್ಜಾದಲ್ಲಿ ಹನ್ನೊಂದು ವರ್ಷ ವೆಲ್ಡಿಂಗ್ ಮಾಡಿ, 2003ರಲ್ಲಿ ಊರಿಗೆ ಬಂದು ಸ್ವಂತ ವರ್ಕ್‌ಶಾಪ್ ಹಾಕಿದ. ನಾನು ಪಾಲಿಟೆಕ್ನಿಕ್ಕಿನಲ್ಲಿ ಯಂತ್ರ ವಿನ್ಯಾಸ ಕಲಿಸುತ್ತಿದ್ದೆ. ನಮ್ಮ ಮನೆಯ ಗೇಟು ಮಾಡಿಕೊಟ್ಟವನು ಅವನೇ, ಪರಿಚಯವಾದದ್ದೂ ಹಾಗೆ. ಇಪ್ಪತ್ತು ವರ್ಷ ನಾನು ಬೋರ್ಡಿನ ಮೇಲೆ ಬರೆದು ಅಳಿಸಿದ ಪಾಠ ನಿಜವಾಗಿ ಎಂಥದ್ದೆಂದು ನನಗೆ ತಿಳಿದದ್ದು ಅವನಿಂದ. ಆ ಉಪಕಾರವನ್ನು ಬರೆದಿಡಬೇಕೆಂದು ಬಹಳ ದಿನದಿಂದ ಅಂದುಕೊಂಡಿದ್ದೆ.

2009ರ ಬೇಸಿಗೆ ರಜೆಯಲ್ಲಿ ಶಂಕರಿ ಎಂಬ ಶಾಲಾ ಶಿಕ್ಷಕಿ ದೇಲಂಪಾಡಿಯಿಂದ ಎರಡು ಬಸ್ಸು ಬದಲಿಸಿ ಅವನನ್ನು ಹುಡುಕಿಕೊಂಡು ಬಂದರು. ಗಂಡ ಕೇಶವಪ್ರಸಾದರು ಜೀಪು ಓಡಿಸುತ್ತಿದ್ದವರು. ಎರಡು ವರ್ಷದ ಹಿಂದೆ ಮಾಡಿನ ಹಂಚು ಸರಿಮಾಡುವಾಗ ಬಿದ್ದು, ಸೊಂಟದ ಕೆಳಗೆ ಸ್ವಾಧೀನ ಕಳೆದುಕೊಂಡಿದ್ದರು. ಅವರನ್ನು ದಿನಕ್ಕೆ ಎಂಟು ಸಲ ಮಂಚದಿಂದ ಗಾಲಿಕುರ್ಚಿಗೆ, ಗಾಲಿಕುರ್ಚಿಯಿಂದ ಮಂಚಕ್ಕೆ ಎತ್ತಿ ಎತ್ತಿ ಶಂಕರಿಯವರ ಬೆನ್ನು ಹೋಗಿತ್ತು. ಆಸ್ಪತ್ರೆಯಲ್ಲಿ ನೋಡಿದ ಎತ್ತುವ ಯಂತ್ರ ಅವರ ಮನೆಯ ಬಾಗಿಲಲ್ಲಿ ಹಿಡಿಸುವಂತಿರಲಿಲ್ಲ.

"ನೀವು ಕಬ್ಬಿಣದಲ್ಲಿ ಎಂತ ಬೇಕಾದರೂ ಮಾಡ್ತೀರಂತೆ. ಇವರನ್ನು ಎತ್ತುವುದಕ್ಕೆ ಎಂತಾದರೂ ಮಾಡಿಕೊಡಿ" ಎಂದರು ಶಂಕರಿ.

"ಅದೆಂತ ದೊಡ್ಡ ಸಂಗತಿ ಟೀಚರೇ, ಆಗ್ತದೆ" ಎಂದ ಹರಿನಾಥ.

ಹತ್ತು ದಿನದಲ್ಲಿ ಮಾಡಿಯೂ ಕೊಟ್ಟ. ಕೋಣೆಯ ಮೇಲೆ ಒಂದು ತೊಲೆ, ಅದರಲ್ಲಿ ಉರುಳುವ ಚೈನ್ ಪುಲ್ಲಿ, ಕೆಳಗೆ ದಪ್ಪ ಕ್ಯಾನ್ವಾಸಿನ ಜೋಲಿ. ಶಾರ್ಜಾದಲ್ಲಿ ಎರಡು ಟನ್ನಿನ ಪೈಪುಗಳನ್ನು ಎತ್ತಿದವನಿಗೆ ಅರುವತ್ತೆಂಟು ಕಿಲೋ ಯಾವ ಲೆಕ್ಕ! ಕೇಶವಪ್ರಸಾದರನ್ನು ಜೋಲಿಯಲ್ಲಿ ಕೂರಿಸಿ ಚೈನ್ ಎಳೆದರು. ಅವರು ಮೇಲೆ ಹೋದರು, ಸ್ವಲ್ಪ ತೂಗಾಡಿದರು, ಕುರ್ಚಿಯ ಮೇಲೆ ಸರಿಯಾಗಿ ಇಳಿದರು. ಒಂದು ಕೊಂಕೂ ಇರಲಿಲ್ಲ.

"ಬೇಡ" ಎಂದರು ಕೇಶವಪ್ರಸಾದರು.

"ನೋವಾಯಿತಾ?" ಶಂಕರಿ ಗಾಬರಿಯಿಂದ ಕೇಳಿದರು.

"ನೋವಿಲ್ಲ. ನಾನು ಜೀಪಿಗೆ ಅಕ್ಕಿಮುಡಿ ಹೇರಿದ ಹಾಗೆ ಆಯಿತು. ಇದನ್ನು ಬಿಚ್ಚಿ ತೆಗೆದುಕೊಂಡು ಹೋಗಿ ಮಾರಾಯ್ರೆ."

ಮರುದಿನ ಸಂಜೆ ಹರಿನಾಥ ನಮ್ಮ ಮನೆಗೆ ಬಂದ. ಮುಖ ಸಣ್ಣದಾಗಿತ್ತು. "ಮಾಸ್ಟ್ರೇ, ಯಂತ್ರದಲ್ಲಿ ತಪ್ಪಿಲ್ಲ. ಆದರೂ ಬೇಡ ಅಂತಾರೆ. ನೀವು ಡಿಸೈನ್ ಕಲಿಸ್ತೀರಲ್ಲ, ಎಲ್ಲಿ ತಪ್ಪಿತು ಹೇಳಿ."

ನಾನು ತರಗತಿಯಲ್ಲಿ ಹೇಳುವುದನ್ನೇ ಹೇಳಿದೆ: ಯಂತ್ರ ಹೇಗಿರಬೇಕೆಂದು ಮೊದಲೇ ತೀರ್ಮಾನಿಸಬಾರದು, ಅದು ಯಾವ ಕೆಲಸ ಮಾಡಬೇಕೆಂಬುದನ್ನು ಒಂದು ವಾಕ್ಯದಲ್ಲಿ ಬರೆಯಬೇಕು. ಇರಲೇಬೇಕಾದದ್ದು ಯಾವುದು, ಇದ್ದರೆ ಒಳ್ಳೆಯದು ಯಾವುದು ಎಂದು ಬೇರೆ ಬೇರೆ ಪಟ್ಟಿ ಮಾಡಬೇಕು. ಕಡಿಮೆಯೆಂದರೆ ಐದು ದಾರಿ ಯೋಚಿಸಿ, ಪಟ್ಟಿಯ ಎದುರಿಟ್ಟು ತೂಗಿದ ಮೇಲೆ ಕಬ್ಬಿಣ ಮುಟ್ಟಬೇಕು.

ಹರಿನಾಥ ನನ್ನ ಪೆನ್ನು ತೆಗೆದುಕೊಂಡು, ಉರುಟು ಅಕ್ಷರದಲ್ಲಿ "ಕೇಶವಪ್ರಸಾದರನ್ನು ಎತ್ತುವುದು" ಎಂದು ಬರೆದ. ಅದನ್ನೇ ತುಂಬ ಹೊತ್ತು ನೋಡಿದ.

"ಎತ್ತಬೇಕು ಅಂತ ಹೇಳಿದ್ದು ಟೀಚರು. ಕೇಶವಪ್ರಸಾದರನ್ನು ನಾನು ಒಂದು ಮಾತೂ ಕೇಳಲಿಲ್ಲ" ಎಂದ.

ಆ ಮಾತನ್ನು ಅವನು ಹೇಳಿದ ರೀತಿ ನನಗೆ ಇನ್ನೂ ನೆನಪಿದೆ. ನಾನೂ ಅದನ್ನು ಕೇಳಿರಲಿಲ್ಲ. ನನ್ನ ಪಾಠದಲ್ಲಿ ಪಟ್ಟಿಯಿತ್ತು. ಅದನ್ನು ಯಾರ ಬಾಯಿಂದ ಕೇಳಿ ಬರೆಯಬೇಕೆಂದು ನಾನು ಮಕ್ಕಳಿಗೆ ಯಾವತ್ತೂ ಒತ್ತಿ ಹೇಳಿರಲಿಲ್ಲ.

ಆದಿತ್ಯವಾರ ಇಬ್ಬರೂ ದೇಲಂಪಾಡಿಗೆ ಹೋದೆವು. ಹರಿನಾಥ ಟೇಪು ತೆಗೆಯಲಿಲ್ಲ. ಮಂಚದ ಹತ್ತಿರ ನೆಲದ ಮೇಲೆ ಕುಳಿತು, "ನಿಮ್ಮಿಂದ ಎಂತೆಲ್ಲ ಆಗ್ತದೆ, ಅದನ್ನು ಹೇಳಿ" ಎಂದ.

ಕೇಶವಪ್ರಸಾದರು ಅಂಗೈ ಎರಡನ್ನೂ ಹಾಸಿಗೆಗೆ ಊರಿ, ತಮ್ಮ ಇಡೀ ದೇಹವನ್ನು ಒಂದು ಗೇಣು ಮೇಲೆತ್ತಿ ಪಕ್ಕಕ್ಕೆ ಸರಿಸಿ ತೋರಿಸಿದರು. ಇಪ್ಪತ್ತೈದು ವರ್ಷ ಪವರ್ ಸ್ಟೇರಿಂಗ್ ಇಲ್ಲದ ಜೀಪು ತಿರುಗಿಸಿದ ತೋಳುಗಳು! ಶಂಕರಿ ಬಾಗಿಲಲ್ಲಿ ನಿಂತು ನೋಡುತ್ತಿದ್ದರು.

"ಇಷ್ಟು ಆಗ್ತದೆ ಅಂತ ನನಗೆ ಹೇಳಲೇ ಇಲ್ಲವಲ್ಲ ನೀವು?" ಎಂದರು.

"ನೀನು ಎತ್ತುವಾಗ ಕಣ್ಣು ಮುಚ್ಚಿಕೊಳ್ಳುವುದೇ ನನಗೆ ಅಭ್ಯಾಸವಾಗಿತ್ತು" ಎಂದರು ಅವರು.

ಹರಿನಾಥ ಕಿಸೆಯಿಂದ ಚೀಟಿ ತೆಗೆದು "ಎತ್ತುವುದು" ಎಂಬುದನ್ನು ಹೊಡೆದು, "ತಾವೇ ದಾಟುವುದು" ಎಂದು ಬರೆದ. ಅದರಿಂದ ಎಲ್ಲವೂ ಬದಲಾಯಿತು. ಪುಲ್ಲಿ ಬೇಡ, ಚೈನ್ ಬೇಡ. ಮಂಚ, ಕುರ್ಚಿ ಎರಡೂ ಒಂದೇ ಎತ್ತರಕ್ಕೆ ಬರಬೇಕು. ನಡುವಿನ ಸಂದು ಎರಡು ಬೆರಳಿಗಿಂತ ಹೆಚ್ಚಿರಬಾರದು. ಇನ್ನೊಬ್ಬರ ಕೈ ಬೇಕಾಗಬಾರದು. ಅವನು ಏಳು ಚಿತ್ರ ಬರೆದ. ನಾಲ್ಕನ್ನು ಕೇಶವಪ್ರಸಾದರೇ ಹೊಡೆದು ಹಾಕಿದರು. ಕೊನೆಗೆ ಉಳಿದದ್ದು ಮಂಚದ ಪಕ್ಕ ನೆಲಕ್ಕೆ ಭದ್ರ ಮಾಡಿದ ಕಂಬ, ಅದರಿಂದ ಚಾಚಿದ ಒಂದು ತೋಳು, ತೋಳಿನ ತುದಿಗೆ ಪುಟ್ಟ ಪೀಠ. ಪೀಠಕ್ಕೆ ಸರಿದು ಕೂತು, ಮೇಲಿನ ಹಿಡಿಯನ್ನು ಹಿಡಿದು ತಳ್ಳಿದರೆ ಲಾರಿಯ ಹಳೆಯ ಬೇರಿಂಗಿನ ಮೇಲೆ ತೋಳು ತಿರುಗಿ ಕುರ್ಚಿಯ ಪಕ್ಕಕ್ಕೆ ಬಂದು ನಿಲ್ಲುತ್ತಿತ್ತು. ಮೂರು ಮೂಟೆ ಸಿಮೆಂಟು ಇಟ್ಟು ನೋಡಿದ, ಆಮೇಲೆ ತಾನೇ ಕೂತು ನೋಡಿದ.

ಆಗಸ್ಟಿನಲ್ಲಿ ಪೀಠ ಕೂತಿತು. ಕೇಶವಪ್ರಸಾದರು ಮೊದಲ ಸಲ ಒಬ್ಬರೇ ಕುರ್ಚಿಗೆ ದಾಟಿದರು. ಅವರು ಗಾಲಿ ತಿರುಗಿಸಿಕೊಂಡು ಅಡುಗೆಕೋಣೆಗೆ ಹೋಗಿ, "ಶಂಕರೀ, ಚಾಪುಡಿಯ ಡಬ್ಬಿ ಎಲ್ಲಿ ಉಂಟು?" ಎಂದು ಕೇಳಿದರು. ಅವರು ಮಾಡಿದ ಚಾ ಸ್ವಲ್ಪ ಕಡುವಾಗಿತ್ತು. ನಾವೆಲ್ಲ ಎರಡೆರಡು ಸಲ ಕುಡಿದೆವು.

ಡಿಸೆಂಬರಿನಲ್ಲಿ ಅವರೇ ಫೋನು ಮಾಡಿದರು. "ಹರಿನಾಥರೇ, ಕೂರುವಾಗ 'ಟಿಕ್' ಅಂತ ಒಂದು ಸದ್ದು ಉಂಟು. ಜೀಪಿನ ಚಾಸಿ ಬಿರಿಯುವಾಗ ಬರುವ ಸದ್ದು ನನಗೆ ಗೊತ್ತುಂಟು."

ಹರಿನಾಥ ಅಂದೇ ಓಡಿದ. ಕಂಬಕ್ಕೆ ತೋಳು ಸೇರುವ ಮೂಲೆಯಲ್ಲಿ, ಬಣ್ಣದ ಅಡಿಯಲ್ಲಿ ಕೂದಲೆಳೆಯಂಥ ಬಿರುಕು. ಪೀಠವನ್ನು ಬಿಚ್ಚಿ ನನ್ನ ಎದುರು ತಂದಿಟ್ಟ.

"ಮೂರು ಮೂಟೆ ಹೊತ್ತದ್ದು ಒಬ್ಬ ಮನುಷ್ಯನಿಗೆ ಹೇಗೆ ಬಿರಿಯಿತು ಮಾಸ್ಟ್ರೇ?"

"ಭಾರಕ್ಕೆ ಪರೀಕ್ಷೆ ಮಾಡಿದಿ. ಎಷ್ಟು ಸಲ ಎಂಬುದಕ್ಕೆ ಮಾಡಲಿಲ್ಲ. ಕಬ್ಬಿಣಕ್ಕೂ ದಣಿವು ಉಂಟು, ಹರಿನಾಥ. ಅದೂ ಚೂಪು ಮೂಲೆ ಇದ್ದಲ್ಲೇ ಮೊದಲು ದಣಿಯುವುದು." ಇದನ್ನು ನಾನು ಮೊದಲೇ ಹೇಳಬೇಕಿತ್ತು. ತಪ್ಪು ನನ್ನದೂ ಹೌದೆಂದು ಅವನಿಗೆ ಹೇಳಿದೆ.

ಅವನು ಮೂಲೆಯನ್ನು ಉರುಟು ಮಾಡಿದ, ಕೆಳಗೊಂದು ಆಧಾರದ ತಗಡು ಕೊಟ್ಟ. ಮತ್ತೆ ಗ್ರೈಂಡರಿನ ಹಳೆ ಮೋಟರಿಗೆ ಗೇರು ಜೋಡಿಸಿ, ಮಿನಿಟಿಗೆ ಆರು ಸಲ ಪೀಠದ ಮೇಲೆ ಭಾರ ಕೂರಿಸಿ ಎತ್ತುವ ವ್ಯವಸ್ಥೆ ಮಾಡಿದ. ದಿನಕ್ಕೆ ಎಂಟು ಸಲ, ಐದು ವರ್ಷ, ಹದಿನೈದು ಸಾವಿರ. ಗೇಟಿನ ಕೆಲಸದ ನಡುವೆ ಒಂದು ವಾರ ಅದು ಮೂಲೆಯಲ್ಲಿ ದಡ್ ದಡ್ ಎನ್ನುತ್ತಲೇ ಇತ್ತು. ಬಿರುಕು ಬರಲಿಲ್ಲ. ನನ್ನ ವಿದ್ಯಾರ್ಥಿಗಳನ್ನು ಕರೆದುಕೊಂಡು ಹೋಗಿ ತೋರಿಸಿದೆ. ನಲುವತ್ತು ಮಂದಿ ಸುತ್ತ ನಿಂತು, ಒಡೆದ ಹಳೆಯ ತುಂಡನ್ನು ಕೈಯಿಂದ ಕೈಗೆ ದಾಟಿಸಿ ನೋಡಿದರು. ನನ್ನ ಯಾವ ಪಾಠವನ್ನೂ ಅವರು ಅಷ್ಟು ಸದ್ದಿಲ್ಲದೆ ಕೇಳಿದ್ದಿಲ್ಲ.

ಆ ಪೀಠ ಹೊಸದಾಗಿ ಕೂತ ಮೇಲೆ ಶಂಕರಿ ಪುತ್ತೂರಿನಲ್ಲಿ ತಂಗಿಯ ಮಗಳ ಮದುವೆಗೆ ಹೋಗಿ ಎರಡು ದಿನ ನಿಂತು ಬಂದರು. ಹಿಂದೆ ಬರುವಾಗ ನಾಯ್ಮಾರ್ಮೂಲೆಯವರೆಗೂ ಹೋಗಿ ವರ್ಕ್‌ಶಾಪಿನಲ್ಲಿ ಹೋಳಿಗೆಯ ಪೊಟ್ಟಣ ಕೊಟ್ಟರು. "ಎರಡೂವರೆ ವರ್ಷದಲ್ಲಿ ಮೊದಲ ಸಲ ಪಂಕ್ತಿಯಲ್ಲಿ ಕೂತು ನಿಧಾನವಾಗಿ ಉಂಡೆ" ಎಂದರಂತೆ. ಹರಿನಾಥ ಅದನ್ನು ನನಗೆ ಹೇಳುವಾಗ ವೆಲ್ಡಿಂಗ್ ಕನ್ನಡಕ ತೆಗೆದು ಕಣ್ಣು ಒರಸಿಕೊಂಡ.

"ಅವರು ನನ್ನಿಂದ ಉಪಕಾರ ಆಯಿತು ಅಂತಾರೆ. ಅವರ ಯಜಮಾನರು ಅಂದು ಬೇಡ ಅನ್ನದಿದ್ದರೆ ನಾನು ಎಲ್ಲರನ್ನೂ ಮೂಟೆಯ ಹಾಗೆ ಎತ್ತಿಕೊಂಡೇ ಇರ್ತಿದ್ದೆ" ಎಂದ.

ಬಾಯಿಯಿಂದ ಬಾಯಿಗೆ ಸುದ್ದಿ ಹರಡಿತು. 2019ರ ಹೊತ್ತಿಗೆ ಅವನು ಇಪ್ಪತ್ತಮೂರು ಪೀಠ ಮಾಡಿದ್ದ, ಒಂದು ಇನ್ನೊಂದರ ಹಾಗಿರಲಿಲ್ಲ. ಹೊಸ ಮನೆಗೆ ಅಳತೆಗೆ ಹೋಗುವಾಗ ಕೇಶವಪ್ರಸಾದರನ್ನು ಕಾರಿನಲ್ಲಿ ಕೂರಿಸಿಕೊಂಡು ಹೋಗುತ್ತಿದ್ದ. ಹಾಸಿಗೆಯಲ್ಲಿದ್ದವರು ಹರಿನಾಥನಿಗೆ ಹೇಳದ್ದನ್ನು ಅವರಿಗೆ ಹೇಳುತ್ತಿದ್ದರು.

ಆ ವರ್ಷ ಉಪ್ಪಳಕ್ಕೆ ನಾನೂ ಜೊತೆಗೆ ಹೋಗಿದ್ದೆ. ಕಾಲಿನ ಸ್ವಾಧೀನ ತಪ್ಪಿ ಒಳಗೇ ಉಳಿದಿದ್ದ, ಅಮ್ಮು ಎಂಬ ಬೀಡಿ ಕಟ್ಟುವ ಹೆಂಗಸಿನ ಮನೆ. ಅವಳಿಗೆ ಎಡಗೈ ಬಲವಿಲ್ಲದ್ದರಿಂದ ಹಿಡಿಯನ್ನು ಬಲಕ್ಕೆ, ಸ್ವಲ್ಪ ಕೆಳಗೆ ಇಟ್ಟಿದ್ದ. ಅವಳು ಹೆದರುತ್ತ ಪೀಠಕ್ಕೆ ಸರಿದಳು, ತಳ್ಳಿದಳು, ಕುರ್ಚಿಗೆ ದಾಟಿದಳು. ಕುರ್ಚಿಯನ್ನು ಜಗಲಿಗೆ ತಂದುಕೊಂಡು ರಸ್ತೆಯ ಕಡೆ ಮುಖ ಮಾಡಿ ಕೂತಳು. ಪಕ್ಕದ ಮನೆಯಾಕೆ ಬೇಲಿಯ ಆಚೆಯಿಂದ ಬಗ್ಗಿ ನೋಡಿ ಕೂಗಿದಳು, "ಅಮ್ಮಕ್ಕಾ, ನೀವಾ? ಯಾರು ತಂದು ಕೂರಿಸಿದ್ದು?"

"ಯಾರೂ ಇಲ್ಲ, ನಾನೇ ಬಂದದ್ದು" ಎಂದಳು ಅಮ್ಮು, ಬೀಡಿಯ ಮೊರವನ್ನು ಮಡಿಲಿಗೆ ಎಳೆದುಕೊಳ್ಳುತ್ತ.