ಇಲ್ಲ್ ಎಂದರೆ ಮನೆ

ಸುಮತಿ, ಆ ದಿನ ಅಂಗನವಾಡಿಯಲ್ಲಿ ಧನ್ಯಾ 'ಮನೆ' ಎಂದು ಹೇಳಲಿಲ್ಲ. 'ಇಲ್ಲ' ಎಂದಳು. ಅದನ್ನು ಮನೆ ಮಾಡಿದವಳು ನಾನು.

ಇಷ್ಟನ್ನು ಬರೆಯಲು ಇಷ್ಟು ವರ್ಷ ಬೇಕಾಯಿತು. ನಾವಿಬ್ಬರೂ ದಿನವಿಡೀ ತುಳುವಿನಲ್ಲೇ ಮಾತಾಡುವವರು, ಆದರೂ ಇದನ್ನು ಕನ್ನಡದಲ್ಲಿ ಬರೆಯುತ್ತಿದ್ದೇನೆ. ಬರೆಯಲು ಕಲಿತದ್ದು ಇದೊಂದೇ ಭಾಷೆ. ಮತ್ತೆ, ಬಾಯಲ್ಲಿ ಹೇಳಲು ಹೋದರೆ ನಿನ್ನ ಮುಖ ನೋಡಿ ನಾನು ಪುನಃ ಏನಾದರೂ ತಿರುಚಿಬಿಡಬಹುದು — ನನ್ನ ಮೇಲೆ ನನಗೆ ಅಷ್ಟು ನಂಬಿಕೆ ಇಲ್ಲ.

ಮೊದಲಿನಿಂದ ಹೇಳುತ್ತೇನೆ. ನೀನು ಈ ಮನೆಗೆ ನನ್ನ ಮೈದುನನ ಹೆಂಡತಿಯಾಗಿ ಬಂದ ದಿನದಿಂದ ನನ್ನನ್ನು 'ಅಕ್ಕ' ಎಂದೇ ಕರೆದವಳು. ಕೆದಂಬಾಡಿಯ ಈ ಅಂಗಳದ ಆಚೆ ನಿಮ್ಮ ಮನೆ, ಈಚೆ ನಮ್ಮದು. ನನ್ನ ಮಗಳ ಮದುವೆಯಾಗಿ ನನ್ನ ಕೈ ಖಾಲಿಯಾಗಿದ್ದ ಕಾಲಕ್ಕೆ ಸರಿಯಾಗಿ ದೇವರು ನಿನಗೆ ಧನ್ಯಾಳನ್ನು ಕೊಟ್ಟ. ನೀನು ಪುತ್ತೂರಿನ ಬಟ್ಟೆ ಅಂಗಡಿಯ ಕೆಲಸಕ್ಕೆ ಪುನಃ ಹೊರಟಾಗ ಮಗುವನ್ನು ನನ್ನ ಮಡಿಲಿಗೆ ಹಾಕಿ, ಹಿಂದೆ ತಿರುಗಿಯೂ ನೋಡದೆ ಬಸ್ಸಿಗೆ ಓಡುತ್ತಿದ್ದೆ. ಹಿಂದೆ ತಿರುಗಿ ನೋಡದ ಆ ಓಟವನ್ನು ನಾನು ದೇವರು ಕೊಟ್ಟ ಗೌರವ ಎಂದೇ ಎಣಿಸಿಕೊಂಡಿದ್ದೇನೆ.

ಮಗು ಇನ್ನೂ ಅಂಬೆಗಾಲಿಡದಿದ್ದಾಗ ಒಮ್ಮೆ ಎಡಗಣ್ಣಿನಲ್ಲಿ ಪಿಸುರು ಕಟ್ಟಿ ರೆಪ್ಪೆ ಅಂಟಿಕೊಂಡಿತ್ತು. ನೀನು ಹೇಳಿಯೇ ಹೋಗಿದ್ದೆ: "ಅಕ್ಕ, ಕಣ್ಣಿಗೆ ಎಂತದ್ದೂ ಹಾಕ್ಬೇಡಿ ಆಯ್ತಾ? ನಾಳೆ ಡಾಕ್ಟ್ರಿಗೆ ತೋರಿಸುವ." ಆದರೆ ನಮ್ಮ ಅಮ್ಮ ನಮಗೆಲ್ಲ ನಂದಿಬಟ್ಟಲು ಹೂವನ್ನು ನೀರಿನಲ್ಲಿ ನೆನೆಸಿ ಆ ನೀರನ್ನು ಕಣ್ಣಿಗೆ ಬಿಡುತ್ತಿದ್ದರಲ್ಲ — ಹಾಗೆಂದು ನಾನೂ ಬಿಟ್ಟೆ. ಆ ಕಣ್ಣು ಕೆಂಪಾಯಿತು. ಡಾಕ್ಟರ ಔಷಧಿಯಲ್ಲಿ ವಾಸಿಯೂ ಆಯಿತು. ಹೂವಿನ ನೀರಿನ ಸುದ್ದಿಯನ್ನು ನಾನು ಎತ್ತಲಿಲ್ಲ.

ಆಮೇಲೆ ಮಗುವನ್ನು ಮೀಯಿಸಿ ಆಡಿಸುವಾಗ ಒಂದು ವಿಷಯ ಕಂಡಿತು. ಎಡಗಣ್ಣಿನ ಮೇಲೆ ಕೈ ಇಟ್ಟು "ದೊಡ್ಡಮ್ಮ ಎಲ್ಲಿ?" ಎಂದರೆ ಕೇಕೆ ಹಾಕಿ ನಗುತ್ತಿದ್ದಳು. ಬಲಗಣ್ಣಿನ ಮೇಲೆ ಇಟ್ಟರೆ ನಗು ನಿಂತು, ನನ್ನ ಕೈಯನ್ನು ತಳ್ಳಿ, ಕತ್ತು ತಿರುಗಿಸಿ ಅಳು. ಒಮ್ಮೆ ಅಲ್ಲ. ಇಟ್ಟಾಗಲೆಲ್ಲ. ಮುಚ್ಚಿದ್ದಕ್ಕೆ ಅಳುವುದಾದರೆ ಎರಡಕ್ಕೂ ಅಳಬೇಕಿತ್ತಲ್ಲ — ಅಷ್ಟು ನನಗೂ ಅರ್ಥವಾಗುತ್ತದೆ. ಎಡಗಣ್ಣು ಕಾಣುವುದಿಲ್ಲ. ನಾನು ನೀರು ಬಿಟ್ಟ ಕಣ್ಣು. ನಾನೇ ಕೆಡಿಸಿದೆ.

ಹೀಗೆ ಅಂದುಕೊಂಡವಳು ನಿನ್ನಲ್ಲಿಗೆ ಓಡಬೇಕಿತ್ತು. ನಾನು ದೇವರ ಕೋಣೆಗೆ ಓಡಿದೆ. ಕಡಬದ ಹತ್ತಿರ ನನ್ನ ತವರಿನ ದೇವಸ್ಥಾನಕ್ಕೆ ಬೆಳ್ಳಿಯ ಕಣ್ಣು ಹರಕೆ ಹೇಳಿಕೊಂಡೆ. ನೆನಪುಂಟಾ ನಿನಗೆ, ಅದನ್ನು ಒಪ್ಪಿಸಲು ಹೊರಟಾಗ ನೀನು ಕೇಳಿದ್ದು?

"ಯಾರಿಗೆ ಅಕ್ಕ ಈ ಕಣ್ಣು?"

"ನನಗೇ ಮಾರಾಯ್ತಿ. ಈಗೀಗ ಅಕ್ಕಿಯಲ್ಲಿ ಕಲ್ಲು ಕಾಣುದಿಲ್ಲ."

"ಅದಕ್ಕೆ ಬೆಳ್ಳಿ ಯಾಕೆ, ಕನ್ನಡಕ ಸಾಕಲ್ಲ!" ಎಂದು ನೀನು ನಕ್ಕೆ. ನಮ್ಮ ಅತ್ತೆಯೂ ನಕ್ಕರು. ನಾನೂ ನಕ್ಕೆ. ದೇವರಿಗೆ ಹೇಳಿದ್ದನ್ನು ನಿನಗೆ ಹೇಳಲಿಲ್ಲ. ದೇವರು ಕೇಳಿ ಸುಮ್ಮನಿರುತ್ತಾನೆ, ನೀನು ಸುಮ್ಮನಿರುತ್ತಿರಲಿಲ್ಲ — ಅದಕ್ಕೇ ಇರಬೇಕು.

ಧನ್ಯಾ ಅಂಗನವಾಡಿಗೆ ಹೋಗತೊಡಗಿದ ಮೇಲೆ ಅಲ್ಲಿಗೆ ಮಕ್ಕಳ ಕಣ್ಣು ನೋಡಲು ಒಬ್ಬಳು ಹುಡುಗಿ ಬಂದಳು. ಘಟ್ಟದ ಮೇಲಿನವಳು, ತುಳು ಒಂದಕ್ಷರ ಬಾರದು. ನಗುಮುಖದವಳು. ನೀನು ಕೆಲಸಕ್ಕೆ ಹೋಗಿದ್ದೆ, ಮಗುವನ್ನು ಮಡಿಲಲ್ಲಿ ಕೂರಿಸಿಕೊಂಡವಳು ನಾನು. ಅಕ್ಷರ ಬಾರದ ಮಕ್ಕಳಲ್ಲವಾ, ಅವರಿಗೆ ಚಿತ್ರದ ಕಾರ್ಡುಗಳು — ಒಂದು ಸೇಬು, ಒಂದು ಉರುಟು, ಒಂದು ಚೌಕ, ಒಂದು ಮನೆ. ದೂರ ನಿಂತು ಒಂದೊಂದೇ ತೋರಿಸುವುದು, ಮಗು ಹೇಳುವುದು. ದೊಡ್ಡ ಚಿತ್ರ, ಆಮೇಲೆ ಸಣ್ಣದು, ಆಮೇಲೆ ಇನ್ನೂ ಸಣ್ಣದು.

ಮೊದಲು ಎಡಗಣ್ಣು ಮುಚ್ಚಿದಳು. ನಮ್ಮ ಹುಡುಗಿ ಪಟಪಟ ಹೇಳಿದಳು. ಉರುಟಿಗೆ ಚೆಂಡು ಎಂದಳು, ಚೌಕಕ್ಕೆ ಡಬ್ಬ ಎಂದಳು. ಮನೆಯ ಚಿತ್ರ ಬಂದಾಗ ಜೋರಾಗಿ, "ಇಲ್ಲ್!"

ಆ ಹುಡುಗಿಯ ಮುಖ ಬಾಡಿತು. "ಯಾಕ್ ಪುಟ್ಟಿ, ಇದು ಕಾಣಿಸ್ತಾ ಇಲ್ವಾ?"

ಅಂಗನವಾಡಿ ಟೀಚರಿಗೆ ನಗು ತಡೆಯಲಿಲ್ಲ. "ಕಾಣ್ತದೆ ಮೇಡಂ! ತುಳುವಿನಲ್ಲಿ ಇಲ್ಲ್ ಅಂದ್ರೆ ಮನೆ."

"ಅಯ್ಯೋ ದೇವ್ರೇ! ಹಾಗಾದ್ರೆ ಬೆಳಗ್ಗೆಯಿಂದ ಎಷ್ಟು ಮಕ್ಕಳಿಗೆ ಕಾಣಲ್ಲ ಅಂತ ಅಂದ್ಕೊಂಡ್ನೋ ಏನೋ," ಎಂದು ಅವಳೂ ಹೊಟ್ಟೆ ಹಿಡಿದು ನಕ್ಕಳು. ಅಲ್ಲಿದ್ದ ತಾಯಂದಿರೆಲ್ಲ ನಕ್ಕರು.

ಆಮೇಲೆ ಬಲಗಣ್ಣು ಮುಚ್ಚಿದಳು. ಮಗುವಿನ ಬೆನ್ನು ನನ್ನ ಎದೆಗೆ ಒತ್ತಿ ಗಟ್ಟಿಯಾಯಿತು. ಕತ್ತನ್ನು ಆಚೆ ಈಚೆ ವಾಲಿಸಿದಳು. ಅದೇ ಮನೆಯ ಚಿತ್ರ ಎದುರಿಗಿತ್ತು. ಅವಳು ಸಣ್ಣಗೆ, ಎಳೆದು ಹೇಳಿದಳು — "ಇಲ್ಲ…"

ಅದು ಮನೆಯಲ್ಲ, ಸುಮತಿ. ಮನೆಗೆ 'ಇಲ್ಲ್' ಎನ್ನುವಾಗ ಅವಳ ನಾಲಿಗೆ ಅಲ್ಲೇ ತಟ್ಟಿ ನಿಲ್ಲುತ್ತದೆ. ಇದು ಅಂಗನವಾಡಿಯಲ್ಲಿ ಕಲಿತ ಕನ್ನಡದ ಇಲ್ಲ. "ಚೀಲ ತಂದಿದ್ದೀಯಾ?" ಎಂದರೆ ಹೇಳುವ ಇಲ್ಲ. ಕನ್ನಡದ ಮೇಡಂ ಎಂದು ಪಾಪ, ನಮ್ಮ ತುಳುವಿನ 'ಇಜ್ಜಿ' ಬಿಟ್ಟು ಕನ್ನಡದಲ್ಲೇ ಹೇಳಿದ್ದಳು. ತಲೆಯನ್ನೂ ಅಲ್ಲಾಡಿಸಿದ್ದಳು, ಆದರೆ ಆ ಕ್ಷಣ ಮೇಡಂ ಮುಂದಿನ ಕಾರ್ಡು ತೆಗೆಯಲು ಬಗ್ಗಿದ್ದಳು. ತಲೆಯೆತ್ತಿ ನನ್ನನ್ನು ನೋಡಿ ನಕ್ಕಳು: "ಮನೆ ಅಲ್ವಾ ಅಕ್ಕಾ? ನೋಡಿ, ನನಗೂ ತುಳು ಬಂತು!"

ನಾನು ಹೇಳಿದೆ: "ಹೌದು ಮೇಡಂ. ಮನೆ."

ಅಷ್ಟೇ ಮಾತು. ಮುಂದಿನ ಕಾರ್ಡಿಗೆ ಧನ್ಯಾ ಮುಚ್ಚಿದ್ದನ್ನು ಕಿತ್ತು ಅಳತೊಡಗಿದಳು. "ಇನ್ನೊಂದ್ಸಲ ನೋಡೋಣ್ವಾ?" ಎಂದು ಅವಳು ಕೇಳಿದಳು — ಕೇಳಿದಳು, ಅದನ್ನೂ ಬರೆಯಬೇಕು. "ಕಣ್ಣು ಮುಚ್ಚಿದ್ರೆ ಹೆದರಿಕೆ ಇವಳಿಗೆ, ಮತ್ತೆ ಹಸಿವೂ ಆಗಿದೆ," ಎಂದು ನಾನು ಮಗುವನ್ನು ಎತ್ತಿಕೊಂಡು ಬಂದೆ. ಸಂಜೆ ನೀನು ಬಂದಾಗ ಎಲ್ಲ ಸರಿ ಉಂಟಂತೆ ಎಂದೆ. 'ಇಲ್ಲ್', 'ಇಲ್ಲ' ಎಂಬ ತಮಾಷೆಯ ಮೊದಲ ಅರ್ಧವನ್ನು ನಾನೇ ನಿನಗೆ ಹೇಳಿ ನಗಿಸಿದೆ. ಎರಡನೆಯ ಅರ್ಧವನ್ನು ಈಗ ಹೇಳುತ್ತಿದ್ದೇನೆ.

ಅಲ್ಲಿಂದ ಮುಂದೆ ಒಂದು ವರ್ಷಕ್ಕೂ ಹೆಚ್ಚು ದಿನ ನಾನು ದೀಪ ಹಚ್ಚುವಾಗಲೆಲ್ಲ ಆ ಎಡಗಣ್ಣನ್ನು ಬೇಡಿಕೊಂಡೆ. ದೇವರು ಉತ್ತರ ಕೊಟ್ಟದ್ದು ಮಗುವಿನ ಬಾಯಲ್ಲಿ. ಅವಳು ಒಂದನೇ ಕ್ಲಾಸಿಗೆ ಸೇರಿದ ಮಳೆಗಾಲ. ನಾನು ಬಾಗಿಲಲ್ಲಿ ಕೂತು ಹೂ ಕಟ್ಟುತ್ತಿದ್ದೆ. ಅವಳು ಎದುರಿಗೆ ನಿಂತು ಒಂದು ಕಣ್ಣು ಮುಚ್ಚುವುದು, ಬಿಡುವುದು, ಇನ್ನೊಂದು ಮುಚ್ಚುವುದು — ಹೀಗೆ ಆಡುತ್ತಿದ್ದವಳು ಬಲಗಣ್ಣಿನ ಮೇಲೆ ಅಂಗೈ ಇಟ್ಟುಕೊಂಡು, ಶಾಲೆಯ ಹೊಸ ಕನ್ನಡದಲ್ಲಿ ಹೇಳಿದಳು:

"ದೊಡ್ಡಮ್ಮ, ಹೀಗೆ ಮಾಡಿದ್ರೆ ನಿಮಗೆ ಮುಖವೇ ಇಲ್ಲ!"

ಹೇಳಿ ನಕ್ಕಳು. ಅವಳಿಗೆ ಅದು ಆಟ. ನನ್ನ ಕೈಯ ಹೂ ಅಲ್ಲೇ ನಿಂತಿತು. ಅವಳಿಗೆ ತೋರಿಸಲು ನನಗೆ ಯಾವ ಮುಖವಿತ್ತು?

ಮರುದಿನವೇ ಹಟ ಹಿಡಿದು ನಿನಗೆ ರಜೆ ಹಾಕಿಸಿ ಸುಳ್ಯಕ್ಕೆ ಕರೆದುಕೊಂಡು ಹೋದೆ. ಕಣ್ಣಿನ ಡಾಕ್ಟರು ಹೇಳಿದ್ದು ನಿನಗೆ ಗೊತ್ತುಂಟು. ಎಡಗಣ್ಣಿಗೆ ಹುಟ್ಟಿನಿಂದಲೇ ದೊಡ್ಡ ನಂಬರು. ಬಲಗಣ್ಣೇ ಎಲ್ಲ ನೋಡುತ್ತಿದ್ದುದರಿಂದ ಎಡಗಣ್ಣು ನೋಡುವುದನ್ನು ಕಲಿಯಲೇ ಇಲ್ಲ. ಕನ್ನಡಕ ಹಾಕಿ, ಒಳ್ಳೆಯ ಕಣ್ಣಿಗೆ ಪಟ್ಟಿ ಅಂಟಿಸಿ ಸೋಮಾರಿ ಕಣ್ಣಿಗೆ ಕೆಲಸ ಕೊಡಬೇಕು. ಇನ್ನೂ ಮೊದಲೇ ಬಂದಿದ್ದರೆ ಸುಲಭವಿತ್ತು, ಆದರೂ ತಡವಾಗಿಲ್ಲ. ನೀನು ಔಷಧಿ ಅಂಗಡಿಗೆ ಹೋದಾಗ ನಾನೊಬ್ಬಳೇ ಉಳಿದು ಕೇಳಿದೆ: "ಡಾಕ್ಟ್ರೇ, ಚಿಕ್ಕದಿರುವಾಗ ಕಣ್ಣಿಗೆ ಹೂವಿನ ನೀರು ಬಿಟ್ರೆ ಹೀಗೆ ಆಗ್ತದಾ?"

"ಹಾಗೆಲ್ಲ ಎಂತದ್ದೂ ಬಿಡಬಾರದು ಅಮ್ಮ. ಆದ್ರೆ ಇದು ಅದ್ರಿಂದ ಆದದ್ದಲ್ಲ. ಇದು ಯಾರೂ ಮಾಡಿದ್ದಲ್ಲ."

ಯಾರೂ ಮಾಡಿದ್ದಲ್ಲ! ನಾನು ಮಾಡದ ತಪ್ಪನ್ನು ಅಡಗಿಸಲು ಹೋಗಿ ನಿಜವಾದ ತಪ್ಪನ್ನು ಮಾಡಿದ್ದೆ. ಹೂವಿನ ನೀರು ಕಣ್ಣನ್ನು ಕೆಡಿಸಲಿಲ್ಲ. ಆ 'ಮನೆ' — ಒಂದು ವರ್ಷವನ್ನು ತಿಂದದ್ದು ಅದು.

ಅದೇ ದಿನ ಡಾಕ್ಟರು "ಮೊದಲು ಎಲ್ಲಿಯೂ ತೋರಿಸಿರಲಿಲ್ವಾ?" ಎಂದು ಕೇಳಿದಾಗ ನೀನು ಹೇಳಿದೆ: "ಅಂಗನವಾಡಿಯಲ್ಲಿ ನೋಡಿದ್ರು ಡಾಕ್ಟ್ರೇ. ಆ ಹುಡುಗಿ ಎಂತ ನೋಡಿದ್ದೋ ಏನೋ!" ಆ ಹುಡುಗಿ ನೋಡಿದ್ದಳು, ಸುಮತಿ. ಇನ್ನೊಮ್ಮೆ ನೋಡಲೂ ಹೊರಟಿದ್ದಳು. ನಾನು ಬಾಯಿ ಬಿಡಲಿಲ್ಲ.

ಆಮೇಲಿನದ್ದೆಲ್ಲ ಕೃಪೆಯೇ. ಬಲಗಣ್ಣಿಗೆ ಪಟ್ಟಿ ಅಂಟಿಸಿಕೊಂಡು ನನ್ನ ಪಕ್ಕ ಕೂತು ಹೂ ಕಟ್ಟಲು ಕಲಿತಳು ನೋಡು, ಅದು ಕೃಪೆ. ಮೊದಲು ದಾರ ತಪ್ಪಿ ತಪ್ಪಿ ಅತ್ತವಳು, ಬರುಬರುತ್ತಾ ಅಬ್ಬಲಿಗೆ ಹೂವಿನ ತೊಟ್ಟನ್ನು ಎಡಗಣ್ಣಿನಲ್ಲೇ ಹುಡುಕಿ ಹಿಡಿದಳು. "ಒಕ್ಕಣ್ಣಿ ಟೀಚರ್, ಇವತ್ತು ಯಾರಿಗೆ ಪೆಟ್ಟು?" ಎಂದು ಅವಳ ಕನ್ನಡಕ ನೋಡಿ ಅತ್ತೆ ಕೆಣಕಿದರೆ "ಅಜ್ಜಿಗೇ ಮೊದಲು!" ಎನ್ನುತ್ತಿದ್ದಳು. ಒಂದು ಸಂಜೆ ಪಟ್ಟಿ ಇದ್ದಂತೆಯೇ ನನ್ನ ಸೂಜಿಗೆ ನೂಲು ಪೋಣಿಸಿ ಕೊಟ್ಟಳು. ನಾನು ಆ ಸೂಜಿಯನ್ನು ದೇವರ ಮುಂದೆ ಇಟ್ಟು ಕೈ ಮುಗಿದೆ. ಈಗ ಆ ಕಣ್ಣು ಡಾಕ್ಟರ ಬೋರ್ಡಿನಲ್ಲಿ ಕೆಳಗಿನವರೆಗೂ ಓದುತ್ತದೆ — ಕೊನೆಯ ಸಾಲೊಂದನ್ನು ಬಿಟ್ಟು. ಅದು ಬರಲಿಕ್ಕಿಲ್ಲ ಎಂದಿದ್ದಾರೆ. ಆ ಒಂದು ಸಾಲು ನನ್ನದು. ಉಳಿದ ಎಲ್ಲ ಸಾಲುಗಳು ದೇವರದ್ದು.

ಮತ್ತೆ ನೀನು — ಕಂಡವರಿಗೆಲ್ಲ "ನಮ್ಮ ಅಕ್ಕನೇ ಕಂಡುಹಿಡಿದದ್ದು, ಇಲ್ಲದಿದ್ರೆ ಮಗುವಿನ ಕಣ್ಣು ಹೋಗ್ತಿತ್ತು" ಎನ್ನುತ್ತಾ ಬಂದೆ. ಆ ಹೊಗಳಿಕೆಯನ್ನು ನಾನು ಉಂಡೆ.

ಮೊನ್ನೆ ನಿನ್ನ ಚಿಕ್ಕವನನ್ನು ಸುಳ್ಯಕ್ಕೆ ಕರೆದುಕೊಂಡು ಹೋದೆವಲ್ಲ. ಧನ್ಯಾಳಿಗೆ ಇದ್ದದ್ದು ತಮ್ಮನಿಗೂ ಇರಬಹುದು, ಈಗಲೇ ನೋಡುವ ಎಂದು ಡಾಕ್ಟರೇ ಕರೆದಿದ್ದರು. ಮಾತು ಬಾರದ ಮಗುವಿನ ಕಣ್ಣನ್ನು ಹೇಗೆ ನೋಡುತ್ತಾರೆ ಎಂದು ನನಗೆ ಆಶ್ಚರ್ಯ. ಅಲ್ಲಿಯ ಮೇಡಂ ಒಬ್ಬರ ಕೈಯಲ್ಲಿ ಬೂದು ಬಣ್ಣದ ಕಾರ್ಡು, ಅದರ ಒಂದು ಪಕ್ಕದಲ್ಲಿ ಮಾತ್ರ ಕಪ್ಪು ಬಿಳಿ ಗೆರೆಗಳು. ಕಂಡರೆ ಮಗು ಆ ಕಡೆ ತಿರುಗುತ್ತದೆ. ಕಾಣದಿದ್ದರೆ ಅದಕ್ಕೆ ಎರಡು ಕಡೆಯೂ ಬರೀ ಬೂದು. ನೀನು ಮಗುವನ್ನು ನನ್ನ ಮಡಿಲಿಗೇ ಕೊಟ್ಟೆ. "ಅಕ್ಕನೇ ಕೂತುಕೊಳ್ಳಲಿ ಮೇಡಂ, ಅವರ ಕೈಗುಣ ಒಳ್ಳೆಯದು."

ಮೇಡಂ ಹೇಳಿದರು: "ಹಾಗಾದ್ರೆ ನೀವು ಕಣ್ಣು ಮುಚ್ಚಿ ಕೂತುಕೊಳ್ಳಿ. ನೀವು ಗೆರೆ ಕಡೆ ತಿರುಗಿದ್ರೆ ಮಗುವೂ ತಿರುಗ್ತದೆ. ನಮಗೆ ಬೇಕಾದ್ದು ಮಗುವಿನ ಉತ್ತರ, ನಿಮ್ಮದಲ್ಲ."

"ನಮ್ಮ ಅಕ್ಕ ಸುಮ್ಮನೆ ಕೂತುಕೊಳ್ಳುದು ಕಷ್ಟವೇ," ಎಂದು ನೀನು ನಕ್ಕೆ.

ನಾನು ಕಣ್ಣು ಮುಚ್ಚಿದೆ. ಎಲ್ಲಿ ಗೆರೆ, ಎಲ್ಲಿ ಬೂದು, ಏನೂ ಗೊತ್ತಿಲ್ಲ. ನನ್ನ ಎರಡು ಕೈಗಳ ನಡುವೆ ಆ ಪುಟ್ಟ ಮೈ ಬಲಕ್ಕೆ ತಿರುಗಿತು. ಸ್ವಲ್ಪ ಹೊತ್ತು ಬಿಟ್ಟು ಎಡಕ್ಕೆ. ಒಂದು ಕಣ್ಣು ಮುಚ್ಚಿದಾಗಲೂ ತಿರುಗಿತು, ಇನ್ನೊಂದು ಮುಚ್ಚಿದಾಗಲೂ ತಿರುಗಿತು. ಅಳಲಿಲ್ಲ. ನಾನು ಏನೂ ಹೇಳಬೇಕಾಗಲಿಲ್ಲ. "ಎರಡೂ ಚೆನ್ನಾಗಿ ಉಂಟು" ಎಂದು ಮೇಡಂ ಹೇಳಿದಾಗ ನೀನು ನನ್ನ ಹೆಗಲು ಹಿಡಿದು ಅತ್ತೆ. ನಾನೂ ಅತ್ತೆ. ನೀನು ಸಂತೋಷಕ್ಕೆ ಎಂದುಕೊಂಡೆ. ಸಂತೋಷವೂ ಹೌದು — ದೇವರಾಣೆ ಹೌದು — ಆದರೆ…

ನಾಳೆಯಿಂದ ನೀನು ಪುನಃ ಕೆಲಸಕ್ಕೆ ಹೊರಡುವವಳು. ಬೆಳಿಗ್ಗೆ ಚಿಕ್ಕವನನ್ನು ತಂದು ನನ್ನ ಮಡಿಲಿಗೆ ಹಾಕುವ ಮೊದಲು ನೀನು ಇದನ್ನು ಓದಬೇಕು. ಹಿಂದೆ ತಿರುಗಿ ನೋಡದೆ ಬಸ್ಸಿಗೆ ಓಡುವ ಮೊದಲು. ಧನ್ಯಾಳಿಗೂ ನಾನೇ ಹೇಳುತ್ತೇನೆ. ಅವಳ ಕಣ್ಣು, ಅವಳಿಗೆ ಗೊತ್ತಿರಬೇಕು. ಆ ಘಟ್ಟದ ಮೇಲಿನ ಹುಡುಗಿ ಎಲ್ಲಿದ್ದಾಳೋ ತಿಳಿಯದು. ಆದರೆ ಅವಳ ಹೆಸರಿಗೆ ಅಂಟಿದ ಮಾತನ್ನು ನಾವು ಯಾರ ಯಾರ ಮುಂದೆ ಆಡಿದ್ದೇವೋ ಅವರ ಮುಂದೆಲ್ಲ ಹಿಂದಕ್ಕೆ ತೆಗೆದುಕೊಳ್ಳುತ್ತೇನೆ. ಟೀಚರಿಂದಲೇ ಶುರು.

ಬೆಳಿಗ್ಗೆ ನಾನು ಬಾಗಿಲು ತೆರೆದು ಕೂತಿರುತ್ತೇನೆ. ಮಗುವನ್ನು ಕೊಟ್ಟರೆ ಕೈ ಚಾಚುತ್ತೇನೆ. ಕೊಡದಿದ್ದರೆ, ಯಾಕೆ ಕೊಡಲಿಲ್ಲ ಎಂದು ಅತ್ತೆ ಖಂಡಿತ ಕೇಳುತ್ತಾರೆ. ನೀನು ಉತ್ತರ ಹುಡುಕಬೇಡ. ಅಂದು ಅಂಗನವಾಡಿಯಲ್ಲಿ ಧನ್ಯಾ ಏನು ಹೇಳಿದಳು ಎಂದು ನಾನೇ ಹೇಳುತ್ತೇನೆ — ಅವಳು ಹೇಳಿದ ಹಾಗೆಯೇ, ಎಳೆದು, ತಲೆ ಅಲ್ಲಾಡಿಸಿ.