ಅಕ್ಕ ಹೇಳಿದ್ದು ಅದಲ್ಲ

ಇಂದು ಭಾನುವಾರ, ಸಂಜೆ ನಾಲ್ಕು ಗಂಟೆ. ಇಸಳೂರಿನ ಮನೆಯ ಜಗುಲಿಯಲ್ಲಿ ನಾನು ಮತ್ತು ಅಕ್ಕ ಸರಸ್ವತಿ. ಫೋನಿನ ಪರದೆಯಲ್ಲಿ ಜರ್ಮನಿಯ ಹೆನ್ನಿಂಗ್. ಈ ಇಬ್ಬರಿಗೂ ನಾನು ಮೋಸ ಮಾಡಿದ್ದೆ — ಅವನಿಗೆ ಸುಳ್ಳು ಹೇಳಿ, ಅಕ್ಕನಿಗೆ ಏನೂ ಹೇಳದೆ.

ದಶಕಗಳ ಹಿಂದಿನ ಮಾತು. ಆಗ ನಾನು ಶಿರಸಿಯ ಶಾಲೆಯೊಂದರಲ್ಲಿ ವ್ಯಾಯಾಮ ಶಿಕ್ಷಕ. ಸೀಟಿ ಊದಿದರೆ ಸಾಲು ನೇರವಾಗಬೇಕು — ಅಂಥ ಶಿಸ್ತು. ಊರಿನ ವಾಲಿಬಾಲ್ ಪಂದ್ಯಕ್ಕೆ ಹೆನ್ನಿಂಗ್ ಬಂದಿದ್ದ. ಪ್ರವಾಸ ಬಂದ ಹುಡುಗ. ಟಿವಿಯಲ್ಲಿ ಆಟದ ವಿವರಣೆ ಹೇಳುವವನಾಗಬೇಕೆಂಬ ಆಸೆ. ಟೇಪ್ ರೆಕಾರ್ಡರ್ ಹಿಡಿದು ಯಲ್ಲಾಪುರ ತಂಡದ ಒಂದೊಂದು ಹೊಡೆತವನ್ನೂ ಜರ್ಮನ್ ಭಾಷೆಯಲ್ಲಿ ಕೂಗುತ್ತಿದ್ದ. ನಿಂತದ್ದು ಮಾತ್ರ ಅಕ್ಕನ ಕುರ್ಚಿಯ ಎದುರು.

“ಎಂತ ವಟವಟ ಮಾರಾಯ! ಬಾಯ್ಮುಚ್ಚಿ ಕುತ್ಗ, ಆಟ ಕಾಣ್ತಿಲ್ಲೆ!” ಎಂದಳು ಅಕ್ಕ.

ಏನೆಂದರು ಎಂದು ಅವನು ನನ್ನನ್ನು ಇಂಗ್ಲಿಷಿನಲ್ಲಿ ಕೇಳಿದ. ಆ ಮುಖದಲ್ಲಿ ಎಂಥ ಉಲ್ಲಾಸ — ನಿಜ ಹೇಳಲು ನನಗೆ ಮನಸ್ಸಾಗಲಿಲ್ಲ. “ಮಾತಾಡುತ್ತಲೇ ಇರು ಮಗನೇ, ಲೋಕ ಕೇಳುತ್ತದೆ ಅಂದಳು” ಎಂದುಬಿಟ್ಟೆ.

ಅವನು ಅಕ್ಕನ ಕಾಲು ಮುಟ್ಟಿದ. ಕ್ಷಮೆ ಕೇಳಿದನೆಂದು ಅಕ್ಕ ತಿಳಿದಳು. ನಾನು ತಿದ್ದಲಿಲ್ಲ.

ಅವನು ಮಾತಾಡಿದ. ಮೊದಲು ಫುಟ್‌ಬಾಲ್, ಆಮೇಲೆ ರಸಪ್ರಶ್ನೆ, ಕೊನೆಗೆ ತನ್ನದೇ ಹರಟೆ ಕಾರ್ಯಕ್ರಮ — ಜರ್ಮನಿಯ ಮನೆಮನೆಗೂ ಗೊತ್ತಿರುವ ಮುಖವಾದ. ಹೋದಲ್ಲೆಲ್ಲ ಶಿರಸಿಯ ಹೆಂಗಸಿನ ಆಶೀರ್ವಾದದ ಕತೆ ಹೇಳುತ್ತಿದ್ದನಂತೆ; ನನಗೆ ಪತ್ರ ಬರೆಯುತ್ತಿದ್ದ. ಓದಿ ನನಗೆ ನಾಚಿಕೆಯಾಗಬೇಕಿತ್ತು. ಹೆಮ್ಮೆಯಾಗುತ್ತಿತ್ತು — ಅದನ್ನೂ ಒಪ್ಪಿಕೊಳ್ಳುತ್ತೇನೆ. ಅಕ್ಕನಿಗೆ ಮಾತ್ರ, ಆ ಹುಡುಗ ಟಿವಿಗೆ ಸೇರಿದ ಎಂದಷ್ಟೇ ಹೇಳಿದ್ದೆ.

ಹೋದ ವಾರ ಅವನು ನಿವೃತ್ತನಾದ. ಅಕ್ಕನಿಗೆ ಕೃತಜ್ಞತೆ ಹೇಳಲು ಇಂದು ಕರೆ ಮಾಡಿದ. ಆಶೀರ್ವಾದದ ಆ ಮಾತನ್ನು ಅವರ ಬಾಯಿಂದಲೇ ಇನ್ನೊಮ್ಮೆ ಕೇಳಬೇಕು ಎಂದ. ನಾನು ಅಕ್ಕನಿಗೆ ತಿಳಿಸಿದೆ.

“ಯಾವ ಮಾತು, ತಮಾ?”

ಇನ್ನೊಂದು ಸುಳ್ಳು ನಾಲಿಗೆಯ ತುದಿಯಲ್ಲಿತ್ತು — ಎಷ್ಟು ಸುಲಭ! ಆದರೆ ಅಕ್ಕ ನನ್ನ ಮುಖವನ್ನೇ ನೋಡುತ್ತಿದ್ದಳು. ಮೊದಲು ಅವಳಿಗೆ, ಆಮೇಲೆ ಅವನಿಗೆ, ನಡೆದದ್ದನ್ನು ನಡೆದ ಹಾಗೆಯೇ ಹೇಳಿದೆ.

 ಹೆನ್ನಿಂಗ್ ನಕ್ಕ — ಕನ್ನಡಕ ತೆಗೆದು ಕಣ್ಣೊರೆಸಿಕೊಳ್ಳುವಷ್ಟು ನಕ್ಕ.

“ಪಾಪ, ಆ ದೇಶದವು ಎಷ್ಟು ವರ್ಷ ಈ ವಟವಟ ಕೇಳ್ಕಂಡ್ವೇನ!” ಎಂದಳು ಅಕ್ಕ. ಮತ್ತೆ ನನ್ನತ್ತ ತಿರುಗಿ, “ಆನು ಹೇಳಿದ್ದು ಸರಿಯಾಗೇ ಇತ್ತು. ನೀ ಎಂತಕ್ಕೆ ಬದಲ್ಸಿದ್ದೆ?”

ನಾನು ಫೋನನ್ನು ಅವಳತ್ತ ತಿರುಗಿಸಿದೆ. 

“ಈ ಸಲ ಇದ್ದಾಂಗೇ ಹೇಳು. ಮುಂದಿನ ಪಂದ್ಯಕ್ಕೆ ಬರ್ಲಿ ಅಂವ. ನನ್ನ ಪಕ್ಕದಲ್ಲೇ ಕುರ್ಚಿ ಹಾಕ್ಸ್ತೆ. ಆದ್ರೆ ಬಾಯ್ಮುಚ್ಚಿ ಕುತ್ಗಳವು, ಅಷ್ಟೇ.”

ಆ ಮಾತನ್ನು, ‘ಬಾಯ್ಮುಚ್ಚಿ’ಯನ್ನೂ ಬಿಡದೆ, ಹೆನ್ನಿಂಗನಿಗೆ ತಲುಪಿಸಿದೆ. ಅಂದೇ ಮಾಡಬೇಕಿದ್ದ ಕೆಲಸ ಅದು. ಮುಗಿಯಿತು.